ಐದು ಗೂಟ

ಈ ಸಲವೂ ಮುನಿನಾರಾಯಣಪ್ಪ ರುಜು ಹಾಕಲಿಲ್ಲ. ಕೇರಿಗೆ ಕರೆಂಟು ಕೇಳುವ ಅರ್ಜಿಯನ್ನು ನೀಟಾಗಿ ಮಡಿಸಿ, ತಂದ ಪಂಚಾಯ್ತಿ ಜವಾನನ ಕೈಗೇ ವಾಪಸು ಕೊಟ್ಟು ಕಳಿಸಿದ್ದ.

"ಏನಂದ?" ಚೇರ್ಮನ್ ವೆಂಕಟರಾಮಪ್ಪ ಕೇಳಿದರು.

"ಹಳೇ ಸರ್ವೆ ಮತ್ತೆ ತನಿಖೆ ಮಾಡ್ತಾರಾ ಅಂದ ಸ್ವಾಮಿ. ಮಾಡ್ತಾರೆ ಅಂದೆ. ಹಂಗಾದ್ರೆ ನಮ್ಮ ಕೇರಿಗೆ ಕರೆಂಟೇ ಬೇಡ ಅಂದ."

ವೆಂಕಟರಾಮಪ್ಪನವರ ಎದೆ ಧಸಕ್ಕೆಂದಿತು. ಹಳೇ ಸರ್ವೆ! ಆರು ವರ್ಷದಿಂದ ಯಾರೂ ಎತ್ತದ ಮಾತು. ಇವನಿಗೆ ಗೊತ್ತಿದೆ. ಗೊತ್ತಿದ್ದೇ ಚುಚ್ಚುತ್ತಿದ್ದಾನೆ.

ಏನು ಗೊತ್ತು ಅಂತೀರಾ? ಕೇಳಿ. ೧೯೫೮ರಲ್ಲಿ ಶಿಡ್ಲಘಟ್ಟದ ಕಡೆಯಿಂದ ಮೇಲೂರು ದಾಟಿ ಈ ಸಣ್ಣ ಊರಿಗೂ ಕರೆಂಟಿನ ತಂತಿ ಬಂತು. ಬಂದದ್ದು ಊರಮುಂದಿನ ಹುಣಸೆಮರದವರೆಗೆ. ಅಲ್ಲಿಂದಾಚೆಗೆ ಐದೇ ಕಂಬಕ್ಕಾಗುವಷ್ಟು ತಂತಿ ಉಳಿದಿತ್ತು. ಮರದ ಬಲಕ್ಕೆ ಮೇಲಿನ ಬೀದಿ, ವೆಂಕಟರಾಮಪ್ಪನವರಂಥ ಜಮೀನಿದ್ದವರ ಮನೆಗಳು. ಎಡಕ್ಕೆ ಕೇರಿ. ಎರಡರಲ್ಲಿ ಒಂದಕ್ಕೆ ಮಾತ್ರ ದೀಪ. ಯಾವುದಕ್ಕೆ ಎಂಬುದು ಓವರ್‌ಸಿಯರ್ ಕೈಯಲ್ಲಿತ್ತು. ಅವನು ಬಂದು ಸರ್ವೆ ಮಾಡಿ, ಸುಣ್ಣ ಬಳಿದ ಗೂಟ ಹೊಡೆದು ಹೋಗುವುದು. ಮಾರನೆಯ ದಿನ ಎಲ್ಲಿಂದಲೋ ಬಂದ ಕೂಲಿಗಳು ಗೂಟ ಕಂಡಲ್ಲಿ ಗುಂಡಿ ತೋಡಿ ಕಂಬ ನೆಡುವುದು.

ಗೂಟ ಹೊಡೆದ ದಿನ ವೆಂಕಟರಾಮಪ್ಪ ಚಿಂತಾಮಣಿಗೆ ಹೋಗಿದ್ದರು. ಕೊನೇ ಬಸ್ಸಿಗೆ ಬಂದು ವಿಚಾರಿಸಿದರೆ ಹೆಂಡತಿ ಅಮ್ಮಾಜಮ್ಮ ರೇಗಿದಳು.

"ಬಂದಿದ್ರಂತೆ, ಹೊಡೆದು ಹೋದ್ರಂತೆ. ಎಲ್ಲಿ ಅಂತ ಯಾರು ನೋಡಿದ್ರು? ಬೀದಿಗೆ ಬೀದೀನೇ ಹುಳ ಹಣ್ಣಾಗಿ ಕೂತಿದ್ವು. ಚಂದ್ರಿಕೆಗೆ ಬಿಡೋದ್ರಲ್ಲಿ ಹೊರಗೆ ತಲೆ ಹಾಕೋಕೂ ಪುರುಸೊತ್ತಿರ್ಲಿಲ್ಲ."

ಹಣ್ಣಾದ ರೇಷ್ಮೆಹುಳ ಚಂದ್ರಿಕೆಯ ಬಿದಿರು ತಟ್ಟಿಯಲ್ಲಿ ಗೂಡು ಕಟ್ಟುವ ದಿನ ಹಾಗೆಯೇ. ಬೀದಿಯನ್ನೇ ಯಾರಾದರೂ ಹೊತ್ತುಕೊಂಡು ಹೋದರೂ ಗೊತ್ತಾಗುವುದಿಲ್ಲ.

ಬೆಳಕು ಹರಿಯುವ ಮುಂಚೆ ಅವರು ಹುಳುವಿನ ಹಿಕ್ಕೆ, ಕಡ್ಡಿ ಕಸ ತುಂಬಿದ ಮಂಕರಿ ಹೊತ್ತು ತಿಪ್ಪೆಗೆ ಹೊರಟರು. ಹುಣಸೆಮರದ ಹತ್ತಿರ ಕಾಲು ನಿಂತಿತು. ಐದೂ ಗೂಟ ಎಡಕ್ಕೆ ತಿರುಗಿದ್ದವು, ಕೇರಿಯ ಕಡೆಗೆ.

ಹೊಟ್ಟೆ ಉರಿದುಹೋಯಿತು. ಹಿಂದೆ ಮುಂದೆ ನೋಡಲಿಲ್ಲ. ಒಂದೊಂದಾಗಿ ಕಿತ್ತು ಮಂಕರಿಯ ಕಸದಡಿ ತುರುಕಿದರು. ಮೇಲಿನ ಬೀದಿಯದು ಗಟ್ಟಿ ಕೆಂಪು ನೆಲ, ಹಾರೆಗೂ ಜಗ್ಗದು. ಅಂದು ಮಾತ್ರ ಕಾಲಲ್ಲಿ ತಡಕುತ್ತ ಹೋಗಿ, ಮಣ್ಣು ಸಡಿಲ ಕಂಡಲ್ಲಿ ಇಟ್ಟು ಒತ್ತಿದರೆ ಗೂಟ ಸಲೀಸಾಗಿ ಇಳಿಯಿತು. ಐದಕ್ಕೆ ಐದೂ. ಭೂಮಿತಾಯಿಯೇ ಒಪ್ಪಿದಳು ಅಂದುಕೊಂಡರು ಪುಣ್ಯಾತ್ಮರು.

ದೀಪವೇನೋ ಬಂತು. ದಿನಾ ಸಂಜೆ ಸ್ವಿಚ್ಚು ಒತ್ತಿ ಅಮ್ಮಾಜಮ್ಮ ಬಲ್ಬಿಗೆ ಕೈ ಮುಗಿಯುವಳು. ವೆಂಕಟರಾಮಪ್ಪ ಒಂದು ದಿನವೂ ಮುಗಿಯಲಿಲ್ಲ. ಕದ್ದ ಬೆಳಕಿಗೆ ಯಾವ ಮುಖ ಇಟ್ಟುಕೊಂಡು ಕೈ ಮುಗಿಯುವುದು? ಕಿಟಕಿಯಾಚೆ ಕೇರಿಯಲ್ಲಿ ಸೀಮೆಎಣ್ಣೆ ಬುಡ್ಡಿಗಳು ಮಿಣುಗುತ್ತಿದ್ದವು. ದಾರಿಯಲ್ಲಿ ಎದುರಾದರೆ ಕೇರಿಯ ಹಿರಿಯ ಮುನಿನಾರಾಯಣಪ್ಪ ಮುಖ ತಿರುಗಿಸಿಕೊಂಡು ಹೋಗುತ್ತಿದ್ದ. ತಿರುಗಿಸದೆ ಇನ್ನೇನು ಮಾಡಿಯಾನು! ಚೇರ್ಮನ್ ಆದ ಮೇಲೆ ವೆಂಕಟರಾಮಪ್ಪ ತಾವೇ ಮುಂದೆ ನಿಂತು ಮೂರು ಸಲ ಕೇರಿಯ ಅರ್ಜಿ ಬರೆಸಿದರು. ಕೇರಿಯ ಪರವಾಗಿ ಅವನೇ ರುಜು ಹಾಕಬೇಕು. ಮೂರು ಸಲವೂ ಹಾಕಲಿಲ್ಲ.

ಹೋದ ವಾರ ಬುಡ್ಡಿ ಉರುಳಿ ಅವನ ಹೆಂಡತಿ ಗಂಗುಲಮ್ಮನ ಕೈ ಮೊಣಕೈವರೆಗೆ ಸುಟ್ಟಿತ್ತು. ಅದು ಕೇಳಿದಂದಿನಿಂದ ವೆಂಕಟರಾಮಪ್ಪನವರಿಗೆ ಅನ್ನ ಸೇರಿರಲಿಲ್ಲ. ಜವಾನನಿಂದ ಅರ್ಜಿ ಇಸಿದುಕೊಂಡು ತಾವೇ ಕೇರಿಗೆ ನಡೆದರು.

"ಬನ್ನಿ ಯಜಮಾನ್ರೆ." ಮುನಿನಾರಾಯಣಪ್ಪ ಎದ್ದು ನಿಂತ. ಕಣ್ಣು ಮಾತ್ರ ನೆಲದ ಮೇಲೆ.

"ಸೋಮವಾರ ಕಡೇ ದಿನ. ರುಜು ಹಾಕಪ್ಪ. ನಿಂಗೆ ಬೆಳಕು ಬೇಡ್ವಾ?"

"ನಾಲ್ಕು ವರ್ಷ ಚಿನ್ನದ ಗಣೀಲಿ ಕೂಲಿ ಮಾಡ್ದೋನು ನಾನು. ಪಾತಾಳದಲ್ಲೂ ಹಗಲಿನಂಗೆ ದೀಪ ಉರೀತಿತ್ತು. ಊರಿಗೆ ಬಂದ್ರೆ ಕಗ್ಗತ್ತಲು. ನಮ್ಮ ಜಿಲ್ಲೇಲಿ ನಮ್ಮಂಥೋರಿಗೆ ಬೆಳಕು ಬೇಕಂದ್ರೆ ಮಣ್ಣೊಳಗೆ ಇಳೀಬೇಕು ಯಜಮಾನ್ರೆ." ಆಮೇಲೆ ಸಣ್ಣ ದನಿಯಲ್ಲಿ ಹೇಳಿದ: "ಬೆಳಕಿನ ಆಸೆಗೆ ಬಿದ್ರೆ ಮನುಷ್ಯ ಎಂಥ ಕೆಲಸಾನೂ ಮಾಡ್ತಾನೆ."

ವೆಂಕಟರಾಮಪ್ಪನವರಿಗೆ ಕಪಾಳಕ್ಕೆ ಹೊಡೆದಂತಾಯಿತು. ಇನ್ನು ತಡೆದುಕೊಳ್ಳಲು ಆಗಲಿಲ್ಲ.

"ಹೌದು ಕಣಪ್ಪ, ನಾನೇ ಮಾಡಿದ್ದು! ಕೇರೀಲಿದ್ದ ಐದೂ ಗೂಟ ಕಿತ್ತು ನಮ್ಮ ಬೀದೀಲಿ ನೆಟ್ಟೋನು ನಾನು. ಹುಳುವಿನ ಕಸದ ಮಂಕರೀಲಿ ಮುಚ್ಕೊಂಡು ಹೋದೆ. ಗಂಗುಲಮ್ಮನ ಕೈ ಸುಟ್ಟೋನೂ ನಾನೇ ಅನ್ಕೋ. ತನಿಖೆ ಮಾಡ್ಲಿ, ಎಲ್ಲರೆದುರಿಗೆ ಒಪ್ಕೋತೀನಿ. ಬೈಯಿ, ಉಗಿ. ರುಜು ಮಾತ್ರ ಹಾಕು."

ಬಾಗಿಲಲ್ಲಿ ಕೈಗೆ ಬಟ್ಟೆ ಸುತ್ತಿಕೊಂಡು ನಿಂತಿದ್ದ ಗಂಗುಲಮ್ಮ ಗಂಡನ ಮುಖವನ್ನೇ ನೋಡಿದಳು. ಮುನಿನಾರಾಯಣಪ್ಪ ಜಗಲಿಯ ಮೇಲೆ ಕೂತ.

"ಹಂಗಾದ್ರೆ... ಓವರ್‌ಸಿಯರ್‌ಗೆ ಗೊತ್ತೇ ಆಗಿರ್ಲಿಲ್ವಾ?"

"ಅವನಿಗೂ ಇಲ್ಲ, ಯಾರಿಗೂ ಇಲ್ಲ. ಇವತ್ತಿನವರೆಗೂ."

ಮುನಿನಾರಾಯಣಪ್ಪ ಅರ್ಜಿಯನ್ನು ಎಳೆದುಕೊಂಡ. ರುಜು ಹಾಕಿದ. ಆರು ವರ್ಷಗಳಲ್ಲಿ ಮೊದಲ ಸಲ ಕತ್ತೆತ್ತಿ ವೆಂಕಟರಾಮಪ್ಪನವರ ಕಣ್ಣನ್ನು ನೋಡಿದ.

"ಅವತ್ತು ಬೆಳಗ್ಗೆ ಎದ್ದು ನೋಡಿದ್ರೆ ಇಲ್ಲಿ ಗೂಟ ಇರ್ಲಿಲ್ಲ. ಸರ್ಕಾರಕ್ಕೆ ಸಿಕ್ಕಿಬಿದ್ದೆ ಅಂತ ಹೆದ್ರಿ, ಇಷ್ಟು ವರ್ಷ ಕೇರೀನೆಲ್ಲ ಕತ್ತಲಲ್ಲಿ ಕೂರಿಸ್ಬಿಟ್ಟೆ," ಎಂದ. ಆಮೇಲೆ ಉಳಿದದ್ದನ್ನೂ ಹೇಳಿದ:

"ಓವರ್‌ಸಿಯರ್ ಗೂಟ ಹೊಡ್ದಿದ್ದು ನಿಮ್ಮ ಬೀದೀಲೇ ಯಜಮಾನ್ರೆ, ಅವತ್ತು ಸಂಜೆ ಹುಲ್ಲಿನ ಹೊರೇಲಿ ಮುಚ್ಕೊಂಡು ಕೇರಿಗೆ ತಂದು ನೆಟ್ಟೋನು ನಾನು."