ಕತ್ತರಿಯ ಗುರುತು

ಕಬ್ಬಿಣದ ಸಲಾಕೆ ಮೂರನೆಯ ಸಲ ಬಿತ್ತು. ನಾಯಕನಟನ ತಲೆ ಬಿರಿದು ರಕ್ತ ಗೋಡೆಗೆ ಚಿಮ್ಮಿತು. ಇನ್‌ಸ್ಪೆಕ್ಟರು ವಿಡಿಯೊ ನಿಲ್ಲಿಸಿದರು.

"ಸಲಾಕೆ ಎತ್ತಿದ್ದು ನಿಮ್ಮ ಡೈರೆಕ್ಟರೇ ತಾನೇ?"

"ಮುಖ ಅವರದೇ," ಎಂದಳು ಕತ್ತರಿಯಕ್ಕ.

ಶೂಟಿಂಗಿನವರು ಇಟ್ಟ ಹೆಸರು ಅದು. ಹತ್ತೊಂಬತ್ತು ವರ್ಷಗಳಲ್ಲಿ ಹನ್ನೊಂದು ಚಿತ್ರ ಸಂಕಲನ ಮಾಡಿದ್ದಳು, ಹನ್ನೊಂದೂ ಈ ನಿರ್ದೇಶಕನವೇ. ಒಂದಾದರೂ ದೊಡ್ಡ ಥಿಯೇಟರಿನ ಮುಖ ಕಂಡಿದ್ದರೆ ಕೇಳಿ! ಬಾಡಿಗೆ ದೀಪ, ಒಂದೇ ಕ್ಯಾಮೆರಾ, ಅವಳ ಮನೆಯ ಹಿಂದಿನ ಕೋಣೆಯ ಹಳೇ ಕಂಪ್ಯೂಟರು. ಎಲ್ಲಿ ಕತ್ತರಿಸಿದಳು, ಎಲ್ಲಿ ಜೋಡಿಸಿದಳು ಎಂದು ಚಿತ್ರ ತೆಗೆದವನಿಗೇ ತಿಳಿಯುತ್ತಿರಲಿಲ್ಲ. ಅವಳ ಹೆಸರೂ ಯಾರಿಗೂ ತಿಳಿಯಲಿಲ್ಲ.

ಅವಳನ್ನು ಕರೆಸಿ ಎಂದು ಹಟ ಹಿಡಿದವನೂ ಆ ನಿರ್ದೇಶಕನೇ. ಪೊಲೀಸರ ಏಟಿಗೆ ತುಟಿ ಸೀಳಿತ್ತು, ಒಂದು ಕಣ್ಣು ಮುಚ್ಚಿಹೋಗಿತ್ತು.

"ನಾನು ಹೊಡೆದಿದ್ದು ಬೊಂಬೆಗೆ ಸಾರ್! ಹೊಡೆದಾಟದ ಸೀನು ಹೇಗೆ ಮಾಡ್ಬೇಕು ಅಂತ ಬೆಳಿಗ್ಗೆ ತೋರಿಸಿಕೊಟ್ಟೆ, ಅಷ್ಟೇ. ಅವನು ಸತ್ತಿದ್ದು ಮಧ್ಯಾಹ್ನ, ನಾವೆಲ್ಲ ಊಟಕ್ಕೆ ಹೋದಾಗ. ಕ್ಯಾಮೆರಾ ಆಫ್ ಮಾಡದೆ ಹಾಗೇ ಬಿಟ್ಟಿದ್ವಿ. ಯಾರೋ ಎರಡನ್ನೂ ಸೇರಿಸಿದ್ದಾರೆ. ಅಕ್ಕಾ, ನಿಮ್ಮ ಕಣ್ಣು ತಪ್ಪಿಸೋ ಕಟ್ ಇನ್ನೂ ಹುಟ್ಟಿಲ್ಲ. ಹುಡುಕಿ!"

ಈ ವಿಡಿಯೊ ಇದ್ದ ಮೆಮೊರಿ ಕಾರ್ಡನ್ನು ಯಾರೋ ಠಾಣೆಯ ಬಾಗಿಲ ಸಂದಿಯಲ್ಲಿ ತೂರಿಸಿ ಹೋಗಿದ್ದರು. ಇನ್‌ಸ್ಪೆಕ್ಟರಿಗೂ ಅದೇ ಅನುಮಾನ.

"ಜೋಡಿಸಿದ್ದು ಅಂತ ನೀವು ಒಂದು ಮಾತು ಹೇಳಿ, ಬಿಟ್ಟುಬಿಡ್ತೀನಿ. ಇಲ್ಲಾಂದ್ರೆ ಇವನಿಗೆ ಗಲ್ಲೇ ಗತಿ."

ಬಾಗಿಲಲ್ಲಿ ನಿಂತಿದ್ದ ನಿರ್ದೇಶಕನ ಹೆಂಡತಿ ಓಡಿಬಂದು ಕಾಲು ಹಿಡಿದಳು. "ನಿಮ್ಮ ದಮ್ಮಯ್ಯ ಅಂತೀನಿ ಅಕ್ಕಾ, ನನ್ನ ಗಂಡನ್ನ ಉಳಿಸಿಕೊಡಿ."

ಕತ್ತರಿಯಕ್ಕ ಮತ್ತೆ ನೋಡಿದಳು. ನಿರ್ದೇಶಕ ಸಲಾಕೆ ಎತ್ತುತ್ತಾನೆ. ಯಾರದೋ ಬೆನ್ನು ಲೆನ್ಸಿಗೆ ಅಡ್ಡ ಹಾಯುತ್ತದೆ, ಅರೆಕ್ಷಣ ಕತ್ತಲು. ಆಮೇಲೆ ಕಾಣುವುದು ಸಲಾಕೆ ಮತ್ತು ನಟನ ತಲೆ ಮಾತ್ರ. ಮೂಳೆ ಮುರಿದ ಸದ್ದು. ಒಡೆದ ಹಲ್ಲು. ಒಂಬತ್ತು ಸಲ ನೋಡಿದಳು. ಒಂಬತ್ತನೆಯ ಸಲ ಅವಳಿಗೆ ತಡೆಯಲಾಗಲಿಲ್ಲ, ಬಿಕ್ಕಿ ಬಿಕ್ಕಿ ಅತ್ತಳು. ನಿರ್ದೇಶಕ ಅವಳಿಗೆ ತಮ್ಮನಂಥವನು. ಹತ್ತೊಂಬತ್ತು ವರ್ಷ ಅವಳ ಮನೆಯಲ್ಲೇ ಉಂಡು ಬೆಳೆದವನು.

"ಸುಳ್ಳು ಹೇಳೋದು ಇಷ್ಟು ಕಷ್ಟ ಅಂತ ಗೊತ್ತಿರಲಿಲ್ಲ ಸಾರ್," ಎಂದಳು. "ಇದರಲ್ಲಿ ಎಲ್ಲೂ ಕತ್ತರಿ ಆಡಿಲ್ಲ."

ನಿರ್ದೇಶಕ ಬಿಟ್ಟ ಒಂದೇ ಕಣ್ಣಿನಲ್ಲಿ ಅವಳನ್ನೇ ನೋಡಿದ. ಪೇದೆ ಅವನ ಹೊಟ್ಟೆಗೆ ಒದ್ದು, ಕೂದಲು ಹಿಡಿದು ಒಳಗೆ ಎಳೆದುಕೊಂಡು ಹೋದ. "ನಿನ್ನ ಮನೆ ಹಾಳಾಗ!" ಎಂದು ಅವನ ಹೆಂಡತಿ ಎದೆ ಎದೆ ಬಡಿದುಕೊಂಡಳು. ಕತ್ತರಿಯಕ್ಕ ಹೇಳಿಕೆಗೆ ಸಹಿ ಹಾಕಿ ಹೊರಟಳು.

ಮನೆಯಲ್ಲಿ ಅವಳ ಮಗಳು ಗೋಡೆಗೆ ಮುಖ ಮಾಡಿ ಮಲಗಿದ್ದಳು. ಶೂಟಿಂಗಿನಲ್ಲಿ ಬಟ್ಟೆಬರೆ ನೋಡಿಕೊಳ್ಳುತ್ತಿದ್ದ ಹುಡುಗಿ, ಆ ಮಧ್ಯಾಹ್ನದಿಂದ ಒಂದು ತುತ್ತು ಮುಟ್ಟಿರಲಿಲ್ಲ. ಅವಳ ಕುತ್ತಿಗೆಯ ಮೇಲೆ ಐದು ಬೆರಳು ಹಿಸುಕಿದ ಗುರುತು ನೀಲಿಗಟ್ಟಿತ್ತು. ತಾಯಿ ಪಕ್ಕದಲ್ಲಿ ಕೂತು ಮುಲಾಮು ಹಚ್ಚಿದಳು.

"ಹೆದರ್ಬೇಡ ಕಂದಾ. ನೀನು ಹೊಡೆದಿದ್ದು ಎಲ್ಲೂ ಕಾಣಲ್ಲ. ಅಷ್ಟನ್ನೂ ನಾನೇ ತೆಗೆದುಬಿಟ್ಟಿದ್ದೀನಿ."