ಜಪ್ತಿಗೆ ಬಂದ ಬೀಗ

ಜರ್ಮನಿಯ ಮೇಲೆ ಯುದ್ಧ ಶುರುವಾದ ವರ್ಷ ಬ್ರಿಟಿಷ್ ಸರಕಾರ ಜರ್ಮನ್ ಪಾದ್ರಿಯನ್ನು ಬಂಧಿಸಿ ಒಯ್ದಿತು. ನೇಕಾರರ ಊರಿನ ಪುಟ್ಟ ಲೂಥರನ್ ಚರ್ಚನ್ನೂ ವೈರಿಯ ಆಸ್ತಿಯೆಂದು ಜಪ್ತಿ ಮಾಡಲು ಅಮಲ್ದಾರರು ಬಂದರು. ಮುದುಕಿ ತಬಿತಮ್ಮ ಮೆಟ್ಟಿಲಿಗೆ ಅಡ್ಡವಾಗಿ ಕೂತಿದ್ದಳು.

“ಏಳಬೇ ಯಮ್ಮಾ, ಇದು ಜರ್ಮನ್ ಮಂದಿ ಗುಡಿ.”

“ಕಲ್ಲು ಹೊತ್ತವ್ರು ನಾವ್ರಿ. ಪಾದ್ರಿ ಬಂದದ್ದು ಗ್ವಾಡಿ ಎದ್ದ ಮ್ಯಾಲೆ.”

“ಅದೆಲ್ಲಾ ನನಗ ಬ್ಯಾಡ. ನಾಳೆ ಮುಂಜಾನೆ ಬಂದು ಬಾಗಿಲಕ್ಕ ಬೀಗ ಹಾಕಾವ ನಾನು.”

“ಬಾಗಿಲಕ್ಕ ಅಷ್ಟನ್ರಿ?”

“ಮತ್ತೆಲ್ಲಿ ಹಾಕ್ತಾರ?”

“ಆತು, ಹಾಕ್ರಿ. ನಾವೇನ್ ತಡಿಯಂಗಿಲ್ಲ.”

ತಬಿತಮ್ಮ ಸೀರೆ ಕೊಡವಿಕೊಂಡು ಎದ್ದು, ಬಡಗಿಯ ಮನೆಯತ್ತ ಬಿರಬಿರನೆ ನಡೆದಳು.

ಮರುದಿನ ಅಮಲ್ದಾರರು ಬೀಗ ಹಿಡಿದು ಬಂದಾಗ ಚರ್ಚಿನೊಳಗೆ ಜನ ಗಟ್ಟಿಯಾಗಿ ಹಾಡುತ್ತಿದ್ದರು. ಬಾಗಿಲು ಮಾತ್ರ ಚೌಕಟ್ಟಿನ ಸಮೇತ ಇರಲಿಲ್ಲ.