ಪಂಚಾಂಗಾರ ಶರ್ಕರೆಗೆ ಸೊನ್ನೆ

ಮೌಲ್ಯಮಾಪನ ಕೇಂದ್ರದಲ್ಲಿ ಉತ್ತರಪತ್ರಿಕೆ ತಿದ್ದುತ್ತಿದ್ದೆ. ‘ಐದು ಇಂಗಾಲಗಳಿರುವ ಸಕ್ಕರೆಗೆ ಏನೆನ್ನುತ್ತಾರೆ?’ ಎಂಬ ಪ್ರಶ್ನೆಗೆ ಕನ್ನಡ ಮಾಧ್ಯಮದ ವಿದ್ಯಾರ್ಥಿಯೊಬ್ಬ ‘ಪಂಚಾಂಗಾರ ಶರ್ಕರೆ’ ಎಂದು ಬರೆದಿದ್ದ. ಕೆಂಪು ಪೆನ್ನಿನಿಂದ ಹೊಡೆದುಹಾಕಿ ಸೊನ್ನೆ ಕೊಟ್ಟೆ.

ಅಂಕ ಕೂಡುತ್ತಿದ್ದ ಪಕ್ಕದ ಮೇಡಂ, “ಸರ್, ಪಾಪ, ಒಂದೇ ಮಾರ್ಕ್ಸಲ್ಲಿ ಫೇಲಾಗ್ತಾನೆ,” ಎಂದರು.

“ಆಗ್ಲಿ ಬಿಡಿ. ಪೆಂಟೋಸ್ ಅಂತ ಬರೆಯೋಕೆ ಏನು ರೋಗ? ಮೂವತ್ತು ವರ್ಷ ಪಾಠ ಮಾಡಿದೀನಿ, ಇಂಥ ಪದ ಕೇಳೇ ಇಲ್ಲ.”

“ವಿಜ್ಞಾನ ಪದಕೋಶದಲ್ಲಿದೆ ಸರ್.”

“ಯಾವ ತಲೆಕೆಟ್ಟೋನ್ರೀ ಅದನ್ನ ಮಾಡಿದ್ದು?”

ಮೇಡಂ ಬ್ಯಾಗಿನಿಂದ ಪದಕೋಶ ತೆಗೆದು, ಬೋರಲು ತಿರುಗಿಸಿ ನನ್ನ ಮುಂದಿಟ್ಟರು. ಹಿಂಬದಿಯಲ್ಲಿ, ‘ಸಂಪಾದಕರು’ ಎಂಬ ಅಕ್ಷರಗಳ ಮೇಲೆ, ತಲೆತುಂಬ ಕೂದಲಿದ್ದ ನಾನೇ ನಗುತ್ತಿದ್ದೆ.